ಎಲ್ಲರಿಗೂ ಒಂದೇ ಗಂಟೆ

ಯಲ್ಲಪ್ಪ ಬಾರಕೇರ ತನ್ನ ತಮ್ಮನ ಸಾವನ್ನು ಹಾಡುತ್ತಿದ್ದ. ಎದುರಿಗಿದ್ದ ಜನ ನಗುನಗುತ್ತ ತಲೆದೂಗುತ್ತಿದ್ದರು.

ಹುಬ್ಬಳ್ಳಿಯ ಹಳೆಯ ಗಿರಣಿಯೊಂದರ ಅಂಗಳ ಆ ಸಂಜೆ ರ್‍ಯಾಪ್ ಕೇಳಲು ಬಂದವರಿಂದ ಕಿಕ್ಕಿರಿದಿತ್ತು. ಅವನ ಹಾಡಿಗೆ ಬೀಟ್ ಕಟ್ಟಿದ್ದ ಗೆಳತಿ ಹಸೀನಾ ನದಾಫ ವೇದಿಕೆಯ ಮೂಲೆಯಲ್ಲಿ ಕಂಪ್ಯೂಟರಿನ ಹಿಂದೆ ನಿಂತು ಜನರ ಪಾದಗಳನ್ನೇ ನೋಡುತ್ತಿದ್ದಳು. ಒಬ್ಬನ ಪಾದ ನಿಧಾನವಾಗಿ ತಾಳ ಹಾಕುತ್ತಿತ್ತು, ಪಕ್ಕದವಳದು ಚುರುಕಾಗಿ, ಹಿಂದೆ ನಿಂತ ಮುದುಕನದು ಇನ್ನಾವುದೋ ಲಯದಲ್ಲಿ. ಒಬ್ಬರ ತಾಳಕ್ಕೆ ಇನ್ನೊಬ್ಬರ ತಾಳ ಕೂಡುತ್ತಿರಲಿಲ್ಲ.

ಎಲ್ಲರ ಕಿವಿಯಲ್ಲೂ ಶ್ರುತಿಕವಿತ್ತು. ಈ ಶತಮಾನದ ಅರುವತ್ತರ ದಶಕ ಬರುವಷ್ಟರಲ್ಲಿ ಅದಿಲ್ಲದ ಕಿವಿಯನ್ನು ಹುಡುಕುವುದೇ ಕಷ್ಟವಾಗಿತ್ತು. ಕಡಲೆಕಾಳಿನಷ್ಟು ಗಾತ್ರದ ಆ ಯಂತ್ರ ಹೊರಗಿನ ಸದ್ದನ್ನು ಕಿವಿಯ ಬಾಗಿಲಲ್ಲೇ ತಡೆದು, ಕೇಳುವವರ ನರಗಳ ಮಿಡಿತವನ್ನು ಓದಿ, ಅವರವರ ಮನಸ್ಸಿಗೆ ಹಿತವಾಗುವ ಹಾಗೆ ಮರುಕಟ್ಟಿ ಒಳಗೆ ಬಿಡುತ್ತಿತ್ತು. ಲಯವನ್ನು ಅವರ ಎದೆಬಡಿತಕ್ಕೆ ಹೊಂದಿಸುತ್ತಿತ್ತು. ನೋಯಿಸುವ ಮಾತುಗಳನ್ನು ಮಂದಮಾಡಿ ಬರೀ ಗುನುಗಾಗಿಸುತ್ತಿತ್ತು.

ಹಸೀನಾಳ ಕಸುಬೆಲ್ಲ ಪ್ರಿಸೆಟ್‌ಗಳದ್ದು. ಸಿಂಥಸೈಜರ್ ತಂತ್ರಾಂಶದಲ್ಲಿ ಮೊದಲೇ ಹದಮಾಡಿ ಇಟ್ಟಿರುವ ನಾದಗಳಿಗೆ ಆ ಹೆಸರು. ಇಂಟರ್ನೆಟ್ಟಿನಲ್ಲಿ ಹರಿದಾಡುವ ಇಂಪಾದ ರ್‍ಯಾಪ್ ಬೀಟ್‌ಗಳಲ್ಲಿ ಹೆಚ್ಚಿನವು ಇಂಥ ನಾಲ್ಕಾರು ನಾದಗಳ ಮೇಲೆಯೇ ನಿಂತಿರುತ್ತವೆ. ಈ ಹಾಡಿಗೆ ಅವಳು ಗಾಜಿನ ಗಂಟೆಯಂಥ ಒಂದು ಪ್ರಿಸೆಟ್ ಆರಿಸಿ, ಶ್ರುತಿಯನ್ನು ಕೂದಲೆಳೆಯಷ್ಟು ತಗ್ಗಿಸಿ, ಪ್ರತಿ ಸ್ವರದ ಕೊನೆಗೂ ಒಂದು ಒಡಕು ಬರಿಸಿದ್ದಳು. ಗಟಾರ ಬಳಿಯಲು ಇಳಿದ ಯಲ್ಲಪ್ಪನ ತಮ್ಮ ದುರ್ಗೇಶ ಮೇಲೆ ಬಂದಿರಲಿಲ್ಲ. ಆ ಗಂಟೆ ಚುಚ್ಚಬೇಕಿತ್ತು.

ಹಾಡು ಮುಗಿದಾಗ ಒಬ್ಬ ಹೆಂಗಸು ವೇದಿಕೆಯ ಹತ್ತಿರ ಬಂದಳು. "ಭಾರೀ ಮಸ್ತ್ ಐತಿ ತಮ್ಮಾ! ನಮ್ಮ ಮಗಳ ಮದವ್ಯಾಗ ಇದನ್ನ ಹಚ್ಚತೀವಿ."

ಅವಳು ಹೋದ ಮೇಲೆ ಯಲ್ಲಪ್ಪ ಮೈಕನ್ನು ಕೆಳಗಿಟ್ಟು ಹೇಳಿದ, "ಇನ್ನ ನಾ ಹಾಡಂಗಿಲ್ಲ, ಹಸೀನಾ."

"ಹಾಡತಿ," ಎಂದಳು ಅವಳು. "ಮಂದಿ ಕಿವ್ಯಾಗ ಹಾಕೂದು ನನಗ ಬಿಡು."

ಶ್ರುತಿಕವನ್ನು ಕಂಡುಹಿಡಿದ ಡಾ. ವತ್ಸಲಾ ಉಮರ್ಜಿ ನಿವೃತ್ತರಾಗಿ ಧಾರವಾಡದಲ್ಲಿದ್ದರು. ಮರುದಿನವೇ ಅವರ ಮನೆಗೆ ಹೋದ ಹಸೀನಾ ನಡೆದದ್ದನ್ನೆಲ್ಲ ಹೇಳಿ, ಇದನ್ನು ಯಾಕೆ ಮಾಡಿದಿರಿ ಎಂದು ನೇರವಾಗಿ ಕೇಳಿಯೇಬಿಟ್ಟಳು.

ವತ್ಸಲಾ ಸಿಟ್ಟಾಗಲಿಲ್ಲ. "ನಮ್ಮಪ್ಪಾಗ ಹಗಲೂ ರಾತ್ರಿ ಕಿವ್ಯಾಗ ಸಿಳ್ಳೆ ಹೊಡೆದಂಗ ಆಗ್ತಿತ್ತು. ಆ ಸಿಳ್ಳೆ ಅಳಸಲಿಕ್ಕೆ ಮಾಡಿದ್ದು ಇದು. ಅಪ್ಪ ಅದರಿಂದ ನಿದ್ದಿ ಮಾಡಿದ್ರು. ಆಮ್ಯಾಲೆ ಕಂಪನಿಯವರು ಸಂಗೀತಕ್ಕೂ ಹಚ್ಚೋಣ ಅಂದ್ರು. ನಾನೂ ಹೂಂ ಅಂದೆ."

"ಅದನ್ನ ತಗದು ಕೇಳ್ರಿ ಅಂದ್ರ ಯಾರೂ ಕೇಳವಲ್ರು, ಮೇಡಂ. ಅದು ತಿದ್ದಲಾರದಂಥಾ ಪ್ರಿಸೆಟ್ ಮಾಡಾಕ ಬರತೈತೇನ್ರಿ?"

ವತ್ಸಲಾ ಕಾಲಿನಿಂದ ನೆಲ ತಟ್ಟಿ ತೋರಿಸಿದರು. "ಕಿವೀಲೆ ಹೋಗೂದನ್ನ ಅದು ತಿದ್ದೇ ತಿದ್ದತದ. ಆದ್ರ ಭಾಳ ತಗ್ಗಿನ ನಾದ ಅಂಗಾಲಿನಿಂದ ಮೂಳಿಗುಂಟ ಏರ್ತದ, ನೋಡು. ಅಲ್ಲಿ ಅದಕ್ಕ ಕೈಯಿಲ್ಲ."

ಹಸೀನಾ ಆ ಬೇಸಿಗೆಯೆಲ್ಲ ತಗ್ಗಿನ ನಾದದ ಒಂದು ಬೇಸ್ ಪ್ರಿಸೆಟ್ಟಿನ ಮೇಲೆ ಕುಳಿತಳು. ಮೊದಲು ಮಾಡಿದ್ದು ಸ್ಪೀಕರಿನ ಮೇಲೆ ಹಾಸಿದ ಹಲಗೆಗಳನ್ನು ಗಡಗಡ ಅನ್ನಿಸಿತೇ ಹೊರತು ಮೈಗೆ ಏರಲಿಲ್ಲ. ಆಮೇಲೆ ಮಾಡಿದ್ದಕ್ಕೆ ಯಲ್ಲಪ್ಪ ಹೊಟ್ಟೆ ಹಿಡಿದುಕೊಂಡು ಹೊರಗೋಡಿ ವಾಂತಿ ಮಾಡಿದ. "ಸಾಕ ಮಾಡ, ಮಾರಾಯ್ತಿ," ಎಂದು ಅವನು ಬೇಡಿಕೊಂಡ. ಅವಳು ನಾದದ ಅಂಚನ್ನು ಮತ್ತಷ್ಟು ದುಂಡಗೆ ಮಾಡಿ, ಅವನನ್ನು ಮತ್ತೆ ಹಲಗೆಯ ಮೇಲೆ ನಿಲ್ಲಿಸಿದಳು. ಒಂದು ಮಧ್ಯಾಹ್ನ ಅವನು ಅಲ್ಲಾಡದೆ ನಿಂತುಬಿಟ್ಟ. ನೆಲವೇ ಉಸಿರಾಡಿದ ಹಾಗಿದೆ ಎಂದ.

ಮಳೆಗಾಲಕ್ಕೆ ಮುಂಚೆ ಅದೇ ಅಂಗಳದಲ್ಲಿ ಮತ್ತೆ ಕಾರ್ಯಕ್ರಮವಾಯಿತು. ವತ್ಸಲಾ ಕೂಡ ಬಂದಿದ್ದರು. ಈ ಸಲ ನೆಲಕ್ಕೆಲ್ಲ ಹಲಗೆ ಹಾಸಿ, ಅವುಗಳ ಅಡಿಗೆ ಸ್ಪೀಕರುಗಳನ್ನು ಬೋರಲು ಇಟ್ಟಿದ್ದರು. ಕಾಲಿಗೆ ಕಂಪನ ತಾಗುತ್ತದೆ, ಆಗದವರು ಹೊರಗೆ ನಿಂತು ಕೇಳಬಹುದು ಎಂದು ಹಸೀನಾ ಮೊದಲೇ ಮೈಕಿನಲ್ಲಿ ಹೇಳಿದಳು. ಯಾರೂ ಹೊರಗೆ ಹೋಗಲಿಲ್ಲ.

ಹಾಡು ಶುರುವಾಯಿತು. ಜನರ ಮುಖದಲ್ಲಿ ಗೊಂದಲ ಮೂಡಿತು. ಕಿವಿ ಒಂದು ತಾಳ ಹೇಳಿದರೆ ಅಂಗಾಲು ಇನ್ನೊಂದು ಹೇಳುತ್ತಿತ್ತು. ಒಬ್ಬ "ಯಂತ್ರ ಕೆಟ್ಟೈತಿ, ಬಂದ್ ಮಾಡ್ರಿ!" ಎಂದು ಕೂಗಿದ. ಹಸೀನಾ ನಿಲ್ಲಿಸಲಿಲ್ಲ. ಪಾದಗಳು ಒಂದೊಂದಾಗಿ ಕಿವಿಯನ್ನು ಬಿಟ್ಟು ನೆಲದ ಮಾತು ಕೇಳತೊಡಗಿದವು. ಮುಂದಿನ ಸಾಲಿನ ಹುಡುಗಿಯೊಬ್ಬಳು ಎರಡು ತಾಳಗಳ ಕಿರಿಕಿರಿಗೆ ಮುಖ ಕಿವುಚಿ ಶ್ರುತಿಕವನ್ನು ಕಿತ್ತು ತೆಗೆದಳು. ತೆಗೆದವಳೇ ಹಾಗೇ ನಿಂತುಬಿಟ್ಟಳು. ಒಡಕು ಗಂಟೆ ಅವಳಿಗೆ ಕೇಳಿಸಿತ್ತು. ಅವಳು ಪಕ್ಕದಲ್ಲಿದ್ದ ಅಪ್ಪನ ತೋಳು ಜಗ್ಗಿದಳು, ಅವನೂ ತೆಗೆದ. ಅವರ ಹಿಂದಿನವರು ತೆಗೆದರು. ಕೆಲವರು ಹೊರಟೇ ಹೋದರು. ಉಳಿದವರೆಲ್ಲ ಕೈ ಕಟ್ಟಿಕೊಂಡು, ಗಟಾರದೊಳಗೆ ತಮ್ಮನ ಹೆಸರು ಹಿಡಿದು ಕೂಗಿದ ಅಣ್ಣನ ಮಾತನ್ನು ಅವನ ಬಾಯಿಂದಲೇ ಕೇಳಿದರು.

ಮುಗಿದಾಗ ಚಪ್ಪಾಳೆ ಬೀಳಲಿಲ್ಲ. ಯಲ್ಲಪ್ಪ ವೇದಿಕೆಯ ಅಂಚಿಗೆ ಕುಳಿತು ಅಳುತ್ತಿದ್ದ. ಗುರುತಿಲ್ಲದ ಯಾರೋ ಬಂದು ಅವನ ಬೆನ್ನ ಮೇಲೆ ಕೈಯಿಟ್ಟರು.

ಬಾಗಿಲ ಹತ್ತಿರ ಆ ಹುಡುಗಿ ಮತ್ತು ಅಪ್ಪನ ನಡುವೆ ವಾದ ನಡೆದಿತ್ತು. "ನನಗ ಸೇರಲಿಲ್ಲ ಬಿಡವಾ. ಆ ಗಂಟಿ ಭಾಳ ಕಟು ಐತಿ."

"ಕಟು ಇರಬೇಕಪ್ಪಾ ಅದು! ಸಾವಿನ ಹಾಡ ಐತಿ!"

"ಬ್ಯಾಸರಾತೇನು?" ಎಂದು ವತ್ಸಲಾ ಹಸೀನಾಳನ್ನು ಕೇಳಿದರು.

"ಇಲ್ರಿ ಮೇಡಂ. ಇಬ್ಬರೂ ಒಂದ ಗಂಟಿ ಕೇಳ್ಯಾರಲ್ಲ." ಹಸೀನಾ ಕೇಬಲ್ ಸುತ್ತುತ್ತ ಕೇಳಿದಳು, "ಮಂದಿ ಹಿಂಗ ಬ್ಯಾರೆಬ್ಯಾರೆ ಕೇಳೂದು ಶುರು ಆಗಿದ್ದು ಶ್ರುತಿಕದಿಂದನ ಏನ್ರಿ?"

"ಅಲ್ಲ. ನಾ ಸಣ್ಣಾಕಿ ಇದ್ದಾಗನ ಆಗಿತ್ತು. ಫೋನ ಮುಂದಿನ ಹಾಡು ಆರಿಸಿ ಕೊಡ್ತಿತ್ತು, ಒಬ್ಬೊಬ್ಬರಿಗೆ ಒಂದೊಂದು. ಒಂದ ಮನ್ಯಾಗ ನಾವು ನಾಕು ಮಂದಿ, ನಾಕು ಕಡೆ ಮಾರಿ ಮಾಡಿ ಕೂಡ್ತಿದ್ವಿ."

"ಆಗ ಯಾರೂ ಬ್ಯಾಡ ಅನಲಿಲ್ಲೇನ್ರಿ?"

"ಯಾಕ ಅಂತಾರವಾ? ಎಲ್ಲಾರಿಗೂ ಅವರವರಿಗೆ ಸೇರಿದ್ದ ಸಿಗತಿತ್ತಲ್ಲ."

ಹಸೀನಾ ಕೇಬಲನ್ನು ಅವರ ಕೈಗೆ ಕೊಟ್ಟು, ವಾದ ನಡೆಯುತ್ತಿದ್ದ ಬಾಗಿಲ ಕಡೆಗೆ ನಡೆದಳು. ಆ ಗಂಟೆಯ ಪರವಾಗಿ ಅವಳಿಗೂ ಒಂದೆರಡು ಮಾತು ಹೇಳುವುದಿತ್ತು.