ಗಡದ ಬಾವಿಯ ನೀರು

ಮಣ್ಣಿನ ಮಗಿ ಯಲ್ಲಾರಿಯ ಕೈಯಿಂದ ಜಾರಿ ಕಲ್ಲಿನ ಮೇಲೆ ಬಿತ್ತು. ಬೆಳಿಗ್ಗೆ ಹುಕ್ಕೇರಿಯ ಕಾಕಾನ ಮನೆಯಲ್ಲಿ ತುಂಬಿಕೊಂಡಿದ್ದ ನೀರೆಲ್ಲ ಗಡದ, ಅಂದರೆ ಗುಡ್ಡದ ಕೋಟೆಯ, ಬಾಗಿಲಿನ ಕಾದ ಹಾಸುಗಲ್ಲಿನ ಮೇಲೆ ಹರಿಯಿತು. ನೋಡುನೋಡುತ್ತಲೇ ಆರಿಯೂ ಹೋಯಿತು.

ತಪ್ಪು ಯಲ್ಲಾರಿಯದಲ್ಲ. ಅವನಿಗಿನ್ನೂ ಆರು ವರ್ಷ. ಗಡ ತೋರಿಸಲು ಜೊತೆಗೆ ಬಂದಿದ್ದ ಮುದುಕ ಆಗಷ್ಟೇ ಕೋಲೆತ್ತಿ ಮೇಲಿನ ಬುರುಜನ್ನು ತೋರಿಸಿದ್ದ. ಹಿಂದಿನ ಕಾಲದಲ್ಲಿ ತಪ್ಪು ಮಾಡಿದವರನ್ನು ಗೋಣಿಚೀಲದಲ್ಲಿ ತುಂಬಿ ಅಲ್ಲಿಂದ ಕೆಳಗೆ ತಳ್ಳುತ್ತಿದ್ದರಂತೆ. ಅಮಾವಾಸ್ಯೆಗೆ ಈಗಲೂ ಚೀರುವ ಸದ್ದು ಕೇಳುತ್ತದಂತೆ. ಇಂಥದ್ದನ್ನು ಕೇಳಿದರೆ ಯಾರ ಕೈಯಲ್ಲಿ ಮಗಿ ನಿಂತೀತು, ನೀವೇ ಹೇಳಿ.

"ಹೋಗ್ಲಿ ಬಿಡು," ಎಂದ ಅಪ್ಪ ಉದ್ದಪ್ಪ.

ಅವ್ವ ಕಾಡವ್ವ ಮಗನನ್ನು ಚೂರುಗಳಿಂದ ಈಚೆಗೆ ಎಳೆದುಕೊಂಡಳು. ಅವಳ ಇನ್ನೊಂದು ಕೈ ಹುಬ್ಬಿನ ಮೇಲಿದ್ದ ಹಳೆಯ ಗಾಯದ ಕಲೆಯ ಮೇಲೆ ಹೋಯಿತು. ಯಲ್ಲಾರಿಯ ಅಕ್ಕ ಇಂದ್ರವ್ವ ಅದನ್ನು ಕಂಡಳು. ಅವ್ವನಿಗೆ ಹೆದರಿಕೆಯಾದಾಗಲೆಲ್ಲ ಕೈ ಅಲ್ಲಿಗೇ ಹೋಗುತ್ತದೆ ಎಂದು ಅವಳಿಗೆ ಗೊತ್ತಿತ್ತು.

ಎರಡು ವರ್ಷದ ಹಿಂದೆ ಆದದ್ದು ಅದು. ಯಾವುದೋ ಊರಿನ ಹಾದಿಯಲ್ಲಿ ಯಲ್ಲಾರಿ ನೀರು ನೀರು ಎಂದು ಅತ್ತಾಗ ಅವ್ವ ಅಲ್ಲಿಯ ಬಾವಿಯ ಮೆಟ್ಟಿಲ ಮೇಲೆ ಕಾಲಿಟ್ಟಿದ್ದಳು. ಎಲ್ಲಿಂದಲೋ ಒಂದು ಕಲ್ಲು ಬಂತು. ಇಂದ್ರವ್ವನ ಮನೆಯವರು ಊರ ಹೊರಗಿನ ಕೇರಿಯವರು. ಕೇರಿಯವರು ಊರ ಬಾವಿ ಮುಟ್ಟಬಾರದು ಎಂದು ಊರಿನವರು ಕಟ್ಟಳೆ ಮಾಡಿದ್ದರು. ಹಾಗೆಂದು ಗಂಟಲಿನ ದಾಹಕ್ಕೆ ಗೊತ್ತಿರುತ್ತದೆಯೇ? ಅಂದಿನಿಂದ ಅವ್ವ ಎಲ್ಲಿಗೆ ಹೋದರೂ ಮಗಿ ತುಂಬ ನೀರು ಒಯ್ಯುತ್ತಿದ್ದಳು. ಆ ಮಗಿಯೇ ಈಗ ಒಡೆದಿತ್ತು.

ಇಷ್ಟಕ್ಕೂ ಇವರು ಗುಡ್ಡ ಹತ್ತಲು ಬಂದದ್ದು ಯಾಕೆ ಎಂದರೆ, ಅದಕ್ಕೆ ಇಂದ್ರವ್ವನೇ ಕಾರಣ. ಬೇಸಿಗೆ ಸೂಟಿಗೆ ಮೊದಲು ಮಾಸ್ತರರು ನಾಲ್ಕನೇ ಇಯತ್ತೆಯ ಮಕ್ಕಳನ್ನು ಗಡಕ್ಕೆ ಟ್ರಿಪ್ ಕರೆದೊಯ್ದಿದ್ದರು. ಕೇರಿಯ ಮಕ್ಕಳಿಗೆ ಮಾತ್ರ, ಅಡಿಗೆ ಊಟಕ್ಕೆ ತ್ರಾಸಾಗುತ್ತದೆ, ಮುಂದಿನ ಸಲ ನೋಡೋಣ ಎಂದಿದ್ದರು. ಇಂದ್ರವ್ವ ಮನೆಗೆ ಬಂದು ಗೋಡೆಗೆ ಮುಖ ಮಾಡಿ ಮಲಗಿದಳು. ಗೋಕಾವಿಯ ಮಿಲ್ಲಿನಲ್ಲಿ ದುಡಿಯುತ್ತ, ರಾತ್ರಿ ಶಾಲೆಗೆ ಹೋಗಿ ಓದಲು ಕಲಿತಿದ್ದ ಅಪ್ಪನಿಗೆ ಸಿಟ್ಟು ಬಂತು. "ಏಳವ್ವಾ. ಟ್ರಿಪ್ ನಾ ಮಾಡಸ್ತೇನಿ," ಎಂದಿದ್ದ.

ಅಪ್ಪ ಮಾತಿಗೆ ತಪ್ಪುವವನಲ್ಲ. ಇಸ್ತ್ರಿ ಮಾಡಿದ ಅಂಗಿ, ಕರಿ ಕೋಟು, ಬಿಳಿ ಟೋಪಿ, ಕಾಲಲ್ಲಿ ಕರ‍್ರ ಕರ‍್ರ ಎನ್ನುವ ಹೊಸ ಚಪ್ಪಲಿ ಹಾಕಿಕೊಂಡು ಹೊರಟಿದ್ದ. ಗುಡ್ಡದ ಬುಡದಲ್ಲಿ ಹೆಗಲ ಮೇಲೆ ಕಂಬಳಿ ಹಾಕಿಕೊಂಡ ಕರೆಪ್ಪ ಎಂಬ ಮುದುಕ ಎದುರಾಗಿ, "ಗಡ ನೋಡ್ತೀರೇನ್ರಿ ಸಾಹೇಬ್ರ? ನಾ ತೋರಸ್ತೇನಿ," ಎಂದಿದ್ದ. ಸಾಹೇಬ್ರ ಎಂಬ ಮಾತು ಕೇಳಿ ಅಪ್ಪ ಒಂದು ಗಳಿಗೆ ಹಿಂದೆ ತಿರುಗಿ ನೋಡಿದ, ಯಾರನ್ನು ಕರೆದನೋ ಎಂದು.

"ಯಾವ ಊರ್ರಿ?" ಎಂದು ಕರೆಪ್ಪ ಕೇಳಿದ. ಗೋಕಾವಿ ಎಂದ ಅಪ್ಪ.

ಇಂದ್ರವ್ವ ಅವ್ವನ ಹಿಂದೆ ಸರಿದಳು. ಯಾಕೆಂದರೆ ಮೊದಲ ಪ್ರಶ್ನೆಯ ಬೆನ್ನಿಗೇ ಎರಡನೇ ಪ್ರಶ್ನೆ ಬರುತ್ತದೆ. ಬಸ್ಸಿನಲ್ಲಿ, ಸಂತೆಯಲ್ಲಿ, ಅಂಗಡಿ ಮುಂದೆ, ಎಲ್ಲ ಕಡೆಯೂ ಬರುತ್ತದೆ. 'ಯಾವ ಪೈಕಿ?' ಅಂದರೆ, ನೀವು ಯಾವ ಜಾತಿಯವರು? ಅದು ಗೊತ್ತಾದದ್ದೇ ಕೇಳಿದವರು ಬಾಜೂಕ್ಕೆ ಸರಿಯುತ್ತಾರೆ. ಅಪ್ಪ ಮಾತ್ರ ವಿಚಿತ್ರ. ಯಾರು ಸಿಕ್ಕರೂ ಮಾತಾಡಿಸುತ್ತಾನೆ, ಊರು ಕೇಳುತ್ತಾನೆ, ಅಲ್ಲಿಂದ ಸೀದಾ ಮಳೆ ಬೆಳೆಗೆ ಹಾರುತ್ತಾನೆ. ಎರಡನೇ ಪ್ರಶ್ನೆ ಕೇಳಲು ಅಪ್ಪನಿಗೆ ನೆನಪೇ ಇರುವುದಿಲ್ಲ ಎಂದುಕೊಂಡಿದ್ದಳು ಇಂದ್ರವ್ವ.

ಕರೆಪ್ಪ ಎರಡನೇ ಪ್ರಶ್ನೆ ಕೇಳಲಿಲ್ಲ. ಬರ‍್ರಿ ಎಂದು ಮುಂದೆ ನಡೆದ. ಮೇಲೆ ಹೋದಮೇಲೆ ಕೇಳುತ್ತಾನೇನೋ ಎಂಬ ಹೆದರಿಕೆ ಇಂದ್ರವ್ವನ ಜೊತೆಯಲ್ಲೇ ಗುಡ್ಡ ಹತ್ತಿತು.

ಮಗಿ ಒಡೆದಮೇಲೆ ಬಿಸಿಲು ಇನ್ನೂ ಚುರುಕಾಯಿತು. ಕರೆಪ್ಪ ಮಾತ್ರ ಹೇಳುತ್ತಲೇ ಇದ್ದ. ಈ ಗಡವನ್ನು ಒಬ್ಬ ರಾಜ ಕಟ್ಟಿದ, ಇನ್ನೊಬ್ಬ ಗೆದ್ದ, ಮೂರನೆಯವನು ತೋಫು ತಂದು ಗೋಡೆ ಒಡೆದ. ಬುರುಜುಗಳು ಹನ್ನೊಂದು, ಗುಪ್ತ ಬಾಗಿಲು ಎರಡು. ಸುರಂಗವೊಂದಿದೆ, ಅದರೊಳಗೆ ಹೋದ ಆಡು ತಿರುಗಿ ಬಂದಿಲ್ಲ. ಪ್ರತಿ ಕಲ್ಲೂ ಅವನಿಗೆ ಗೊತ್ತಿತ್ತು. ಯಲ್ಲಾರಿ ಅಕ್ಕನ ಲಂಗ ಹಿಡಿದುಕೊಂಡವನು ಬಿಡಲೇ ಇಲ್ಲ.

ಗೋಡೆಯ ಮೇಲೆ ನಿಂತಾಗ ಗಾಳಿ ಬೀಸಿತು. ಪಡುವಣಕ್ಕೆ ಸಹ್ಯಾದ್ರಿಯ ಗುಡ್ಡಗಳು ಒಂದರ ಹಿಂದೆ ಒಂದು ಮಲಗಿದ್ದವು. ಕೆಳಗೆ ಹಿರಣ್ಯಕೇಶಿ ಹೊಳೆ ಬೇಸಿಗೆಗೆ ಬಡವಾಗಿ ಹರಿಯುತ್ತಿತ್ತು. ಅಪ್ಪ ಟೋಪಿ ತೆಗೆದು, "ನೋಡವ್ವಾ, ಎಷ್ಟ ದೊಡ್ಡದೈತಿ ಸೀಮಿ," ಎಂದ. ಇಂದ್ರವ್ವ ನೋಡಿದಳು. ಆದರೆ ಅವಳ ಕಣ್ಣು ಮತ್ತೆ ಮತ್ತೆ ಕರೆಪ್ಪನ ಕಡೆಗೇ ಹೋಗುತ್ತಿತ್ತು.

ಅವನು ಮೆಟ್ಟಿಲಿನ ನಡುವೆ ನಡೆಯುತ್ತಿರಲಿಲ್ಲ, ಅಂಚಿನಲ್ಲಿ ನಡೆಯುತ್ತಿದ್ದ. ಇವರು ನೆರಳಿನಲ್ಲಿ ಕೂತರೆ ಅವನು ದೂರ, ಬಿಸಿಲಿನಲ್ಲಿ ಕೂತ. ಅವ್ವ ಬುತ್ತಿ ಬಿಚ್ಚಿ ರೊಟ್ಟಿ ಚಟ್ನಿ ಕೊಡಹೋದರೆ, ಹೊಟ್ಟೆ ತುಂಬಿದೆ ಎಂದು ಕೈ ಮುಗಿದ. ಅವನ ಹೊಟ್ಟೆ ಬೆನ್ನಿಗೆ ಅಂಟಿತ್ತು. ಇಂದ್ರವ್ವ ಕೈಯೊಳಗಿನ ರೊಟ್ಟಿಯನ್ನು ತಿರುಗಿ ಬುತ್ತಿಯಲ್ಲಿಟ್ಟಳು. ಇವನಿಗೆ ಗೊತ್ತಾಗಿದೆ, ಅದಕ್ಕೇ ನಮ್ಮ ಕೈಯಿಂದ ತಿನ್ನುತ್ತಿಲ್ಲ ಎಂದುಕೊಂಡಳು. ಕೆಳಗೆ ಹೋಗಿ ಊರಿನವರಿಗೆ ಹೇಳಿದರೆ? ಬಸ್ಸಿನ ರಸ್ತೆಗೆ ಹೋಗಬೇಕೆಂದರೆ ಆ ಊರು ದಾಟಲೇಬೇಕು.

ಅಷ್ಟರಲ್ಲಿ ಯಲ್ಲಾರಿ ಕೂತಲ್ಲೇ ವಾಲಿದ.

ಅವ್ವ ಅವನನ್ನು ತೊಡೆಯ ಮೇಲೆ ಎಳೆದುಕೊಂಡಳು. ಮೈ ಹಂಚಿನಂತೆ ಕಾದಿತ್ತು. ತುಟಿ ಒಣಗಿ ಬಿಳಿಚಿತ್ತು. ಹೆಸರು ಹಿಡಿದು ಕರೆದರೆ ಕಣ್ಣು ಅರ್ಧ ತೆರೆದ, ಮತ್ತೆ ಮುಚ್ಚಿದ. ಅಳಲೂ ಇಲ್ಲ. ಸದಾ ಕಿರಿಕಿರಿ ಮಾಡುವ ಯಲ್ಲಾರಿ ಅಳದೇ ಇದ್ದದ್ದೇ ಇಂದ್ರವ್ವನಿಗೆ ಎಲ್ಲಕ್ಕಿಂತ ಭಯವೆನಿಸಿತು.

ಇಪ್ಪತ್ತು ಮಾರು ಆಚೆ ಗಡದ ಬಾವಿ ಇತ್ತು. ಮೆಟ್ಟಿಲು ಇಳಿದುಹೋಗುವ ದೊಡ್ಡ ಬಾವಿ. ತಣ್ಣಗಿನ ನೀರಿನ ವಾಸನೆ ಇಲ್ಲಿಗೂ ಬರುತ್ತಿತ್ತು.

"ಬ್ಯಾಡ್ರಿ," ಎಂದು ಅವ್ವ ಅಪ್ಪನಿಗೆ ಪಿಸುಗುಟ್ಟಿದಳು. "ಕೆಳಗ ಹಳ್ಳದಾಗ ನೀರಿರತಾವ. ಎತ್ತಿಕೊಂಡ ಇಳಿಯೂಣು."

"ಹಳ್ಳ ಮುಟ್ಟೂದ್ರಾಗ ತಾಸ ಆಕ್ಕೈತಿ. ಹುಡುಗ ತಡೀತಾನೇನ? ಈಗ ಬಾವಿ ಎಲ್ಲಾರಿಗೂ ಅಂತ ಕಾಯದೆ ಬಂದೈತಿ, ಪೇಪರದಾಗ ಓದೇನಿ ನಾನು."

"ಪೇಪರ ಕೆಳಗ ಉಳೀತ್ರಿ," ಎಂದಳು ಅವ್ವ. ಕೈ ಹುಬ್ಬಿನ ಮೇಲಿತ್ತು.

ಅಪ್ಪ ಎದ್ದು ನಿಂತ. ಬಾವಿಯ ಕಡೆ ನೋಡಿದ, ಕರೆಪ್ಪನ ಕಡೆ ನೋಡಿದ. ಮಿಲ್ಲಿನ ದೊಡ್ಡ ಯಂತ್ರಗಳಿಗೆ ಹೆದರದ ಅಪ್ಪ ಬಾವಿಯ ಕಡೆ ಒಂದು ಹೆಜ್ಜೆಯನ್ನೂ ಇಡಲಿಲ್ಲ. ಕೊನೆಗೆ ಕೇರಿಯವರು ಯಾವಾಗಲೂ ಕೇಳುವ ಹಾಗೆಯೇ ಕೇಳಿದ.

"ಹಿರಿಯಾರ, ಹುಡುಗಗ ಬಿಸಲ ಬಡದೈತಿ. ನೀವ ಒಂದ ತಂಬಿಗಿ ನೀರ ತಂದಕೊಡ್ತೀರೇನ್ರಿ?"

ಕರೆಪ್ಪ ನೆಲ ನೋಡಿದ. ಎರಡು ಹೆಜ್ಜೆ ಹಿಂದೆ ಸರಿದ.

"ನನ್ನ ಕೈಲೆ ಬ್ಯಾಡ್ರಿ ಸಾಹೇಬ್ರ. ನೀವ ಇಳದ ತಗೋರಿ."

ಅವ್ವ ಸೆರಗಿನಿಂದ ಮುಖ ಮುಚ್ಚಿಕೊಂಡಳು. ಮುಗಿಯಿತು, ಅವನು ಕೊಡುವುದಿಲ್ಲ ಎಂದುಕೊಂಡಳು ಇಂದ್ರವ್ವ. ನಾವೇ ಇಳಿದರೆ ನೋಡಿ ಊರಿಗೆ ಹೇಳುತ್ತಾನೆ. ಅಪ್ಪನೂ ಹಾಗೇ ತಿಳಿದಿರಬೇಕು, ಕಲ್ಲಿನಂತೆ ನಿಂತಿದ್ದ.

ಆದರೆ ಇಂದ್ರವ್ವನ ಕಿವಿಯಲ್ಲಿ ಆ ಮಾತು ಉಳಿದುಬಿಟ್ಟಿತು. ನನ್ನ ಕೈಲೆ ಬ್ಯಾಡ್ರಿ. ಇದನ್ನು ಎಲ್ಲೋ ಕೇಳಿದ್ದೇನೆ. ಎಲ್ಲಿ?

ಮನೆಯಲ್ಲಿ! ಹೋದ ವರ್ಷ ದಾರಿ ತಪ್ಪಿದ ಯಾರೋ ಒಬ್ಬರು ಕೇರಿಗೆ ಬಂದು, ತಾಯೀ ನೀರು ಕೊಡು ಎಂದಿದ್ದರು. ಮನೆಯ ತುಂಬ ನೀರಿತ್ತು. ಆದರೂ ಅಜ್ಜಿ ನೆಲ ನೋಡುತ್ತ ಹೀಗೇ ಹೇಳಿದ್ದಳು, ಹೀಗೇ ಹಿಂದೆ ಸರಿದಿದ್ದಳು. "ನಮ್ಮ ಕೈಲೆ ಬ್ಯಾಡ್ರಿ, ಮುಂದ ಹೋಗ್ರಿ." ಆಮೇಲೆ ಯಾಕೆ ಎಂದು ಕೇಳಿದ್ದಕ್ಕೆ, ಕುಡಿದಮೇಲೆ ಗೊತ್ತಾದರೆ ಬಡಿಯುತ್ತಾರೆ ಮಗಾ ಎಂದಿದ್ದಳು. ನೀರು ಕೊಡಲು ಒಲ್ಲದವರು ಹಾಗೆ ಹೇಳುವುದಿಲ್ಲ. ಕೊಡಲು ಹೆದರುವವರು ಹಾಗೆ ಹೇಳುತ್ತಾರೆ.

ಇಂದ್ರವ್ವ ಕರೆಪ್ಪನನ್ನು ನೋಡಿದಳು. ಅಂಚಿನಲ್ಲಿ ನಡೆದದ್ದು, ಬಿಸಿಲಿನಲ್ಲಿ ಕೂತದ್ದು, ರೊಟ್ಟಿ ಒಲ್ಲೆ ಎಂದದ್ದು ಎಲ್ಲ ನೆನಪಾಯಿತು. ಎರಡನೇ ಪ್ರಶ್ನೆಯನ್ನು ಇವನೂ ಕೇಳಿಲ್ಲ. ಅಪ್ಪನ ಹಾಗೆಯೇ. ಕೇಳಿದರೆ ತಾನೂ ಹೇಳಬೇಕಾಗುತ್ತದಲ್ಲ!

ತಾನು ಅಂದುಕೊಂಡದ್ದು ತಪ್ಪಾದರೆ? ಅವ್ವನ ಹುಬ್ಬಿನ ಕಲೆ ಕಣ್ಣಮುಂದೆ ಬಂತು. ಅವ್ವನ ತೊಡೆಯ ಮೇಲೆ ಯಲ್ಲಾರಿಯ ಕೈ ಜೋತುಬಿದ್ದಿತ್ತು. ಇಂದ್ರವ್ವ ಕರೆಪ್ಪನ ಹತ್ತಿರ ಹೋಗಿ ನಿಂತಳು. ಯಾರಿಗೂ ಹೇಳಬೇಡ ಎಂದು ಅವ್ವ ದಿನಾ ಹೇಳಿಕೊಟ್ಟದ್ದನ್ನೇ ಹೇಳಿದಳು.

"ಅಜ್ಜಾ, ನಾವು ಊರ ಹೊರಗಿನ ಕೇರ‍್ಯಾವ್ರು."

"ಇಂದ್ರವ್ವಾ," ಎಂದು ಅವ್ವ ಅಲ್ಲಿಂದಲೇ ಚೀರಿದಳು.

ಕರೆಪ್ಪ ತಲೆ ಎತ್ತಿದ. ಅಪ್ಪನ ಕೋಟು ನೋಡಿದ, ಟೋಪಿ ನೋಡಿದ, ಚಪ್ಪಲಿ ನೋಡಿದ. ಕೋಲು ಕೈಯಿಂದ ಬಿತ್ತು.

"ಖರೇನ ಏನವ್ವಾ?" ಎಂದ. ದನಿ ಒಡೆದಿತ್ತು. "ನಾನೂ ಕೇರ‍್ಯಾವ್ನ. ನಮ್ಮಪ್ಪ, ನಮ್ಮಜ್ಜ ಈ ಗಡದ ಬಾಗಲಾ ಕಾದಾವ್ರು. ಈ ಬಾವಿ ನೀರು ಒಬ್ರೂ ಕುಡದಿಲ್ಲ."

ಬೆಳಗಿನಿಂದ ಇವರು ಅವನಿಗೆ ಹೆದರಿದ್ದರು, ಅವನು ಇವರಿಗೆ ಹೆದರಿದ್ದ. ಬಾವಿ ತನ್ನ ಪಾಡಿಗೆ ತಾನು ತಣ್ಣಗಿತ್ತು.

ಅಪ್ಪ ಗಂಟಿನೊಳಗಿನ ಸಣ್ಣ ತಂಬಿಗೆ ತೆಗೆದು ಬಾವಿಗೆ ಓಡುವವನಿದ್ದ. ಕರೆಪ್ಪ ಅಡ್ಡ ಬಂದ. "ತಮ್ಮಾ, ನೀ ಮ್ಯಾಲ ನಿಂತ ಯಾರರ ಬರ‍್ತಾರೇನ ನೋಡು. ನಾ ತರ‍್ತೇನಿ," ಎಂದು ತಂಬಿಗೆ ಇಸಿದುಕೊಂಡ. ಸಾಹೇಬ್ರು ಹೋಗಿ ತಮ್ಮ ಆಗಿದ್ದ.

ಆದರೆ ಬಾವಿಯ ಬಾಯಿಗೆ ಬಂದವನ ಕಾಲು ಅಲ್ಲೇ ನಿಂತುಬಿಟ್ಟಿತು. ಕೆಳಗೆ ಕತ್ತಲು. ಪಾರಿವಾಳವೊಂದು ಪಟಪಟ ಎಂದು ಹಾರಿದ್ದಕ್ಕೆ ಅವನು ಬೆಚ್ಚಿಬಿದ್ದ. ಹನ್ನೊಂದು ಬುರುಜು, ಎರಡು ಗುಪ್ತ ಬಾಗಿಲು ಹೇಳಿದ ಕರೆಪ್ಪ ಮೆಲ್ಲಗೆ, "ಇಲ್ಲಿ ಎಷ್ಟ ಮೆಟ್ಟಲಾ ಅದಾವೋ ನನಗ ಗೊತ್ತಿಲ್ಲವ್ವ," ಎಂದ.

ಇಂದ್ರವ್ವನಿಗೂ ಹೆದರಿಕೆಯೇ. ಆದರೂ ಅವನ ಕೈ ಹಿಡಿದಳು. ಮುರಿದ ಮೆಟ್ಟಿಲು ಬಂದಾಗ ತಾನು ಮೊದಲು ಕಾಲಿಟ್ಟು ನೋಡಿ, ಆಮೇಲೆ ಅವನನ್ನು ಕರೆದಳು. ನೀರು ಕಾಲಿಗೆ ತಗುಲಿದಾಗ ಇಬ್ಬರೂ ನಿಂತರು. ಮೇಲಿಂದ ಕಲ್ಲು ಬರುತ್ತದೇನೋ ಎಂದು ಇಬ್ಬರೂ ಒಟ್ಟಿಗೇ ತಲೆ ಎತ್ತಿ ನೋಡಿದರು. ಆಕಾಶದ ಒಂದು ತುಂಡು ಮಾತ್ರ ಕಂಡಿತು.

ಯಲ್ಲಾರಿಯ ತಲೆಗೆ ನೀರು ತಟ್ಟಿ, ತುಟಿಗೆ ಹನಿ ಹನಿಯಾಗಿ ಬಿಟ್ಟರು. ಅವನು ಕೆಮ್ಮಿದ, ಗುಟುಕರಿಸಿದ, ಆಮೇಲೆ ತಂಬಿಗೆಯನ್ನೇ ಕಿತ್ತುಕೊಂಡು ಕುಡಿದ. ಹೊಟ್ಟೆ ತುಂಬಿದಮೇಲೆ ಜೋರಾಗಿ ಅಳತೊಡಗಿದ. ಅವ್ವ ಅವನನ್ನು ಅಪ್ಪಿಕೊಂಡು ತಾನೂ ಅತ್ತಳು. ಎಲ್ಲರೂ ಕುಡಿದರು. ಕರೆಪ್ಪ ಕೊನೆಗೆ ಕುಡಿದ, ಕಣ್ಣು ಮುಚ್ಚಿಕೊಂಡು, ಬಹಳ ಹೊತ್ತು.

ಹೊರಡುವಾಗ ಅವನು ತಂಬಿಗೆಯನ್ನು ಮತ್ತೊಮ್ಮೆ ತುಂಬಿಸಿದ. ಮನೆಯಲ್ಲಿ ಹೆಂಡತಿ ಫಕೀರವ್ವ ಇದ್ದಾಳೆ, ಅವಳಿಗೊಂದು ಗುಟುಕು ಎಂದ. ಅವನ ಕೈಯಲ್ಲಿ ಕಂಡರೆ ಕಷ್ಟ ಎಂದು ಇಂದ್ರವ್ವ ತಾನೇ ಹಿಡಿದು, ಮೇಲೆ ಅಪ್ಪನ ಟವೆಲ್ಲು ಮುಚ್ಚಿದಳು.

ಕೆಳಗಿನ ಊರಿನ ಕಟ್ಟೆಯ ಮೇಲೆ ಮೂವರು ಗಂಡಸರು ಕೂತಿದ್ದರು. ಕಟ್ಟೆ ಹತ್ತಿರ ಬರುತ್ತಲೇ ಕರೆಪ್ಪ ತನ್ನ ಚಪ್ಪಲಿ ಬಿಚ್ಚಿ ಕೈಯಲ್ಲಿ ಹಿಡಿದುಕೊಂಡ, ರಸ್ತೆಯ ಅಂಚಿಗೆ ಸರಿದ. ಇಂದ್ರವ್ವ ತಂಬಿಗೆಯನ್ನು ಎದೆಗೆ ಅವುಚಿಕೊಂಡಳು, ನೀರು ತುಳುಕಿ ಟವೆಲ್ಲು ಒದ್ದೆಯಾಯಿತು.

"ಏ ಕರ‍್ಯಾ, ಯಾರೋ ಅವ್ರು?" ಎಂದ ಕಟ್ಟೆಯ ಮೇಲಿನವನೊಬ್ಬ.

"ಗೋಕಾವಿ ಸಾಹೇಬ್ರ ರೀ. ಗಡ ನೋಡಾಕ ಬಂದಿದ್ರು."

"ಯಾವ ಪೈಕಿ?"

ಬಂತು. ಬೆಳಗಿನಿಂದ ಕಾದಿದ್ದ ಎರಡನೇ ಪ್ರಶ್ನೆ ಬಂದೇಬಂತು. ಇಂದ್ರವ್ವ ಟವೆಲ್ಲಿನ ಅಂಚು ಎಳೆದು ತಂಬಿಗೆಯ ಬಾಯಿ ಪೂರಾ ಮುಚ್ಚಿದಳು.

ಕರೆಪ್ಪ ಇನ್ನಷ್ಟು ಬಾಗಿದ. "ಅದನ್ನ ನಾ ಹೆಂಗ ಕೇಳಲ್ರೀ ಧಣ್ಯಾರ?"

ಕಟ್ಟೆಯ ಮೇಲಿನವರು ನಕ್ಕರು. ಅದೂ ಖರೆ ಎಂದು ತಮ್ಮ ಮಾತಿಗೆ ತಿರುಗಿದರು. ಅಪ್ಪನ ಹೊಸ ಚಪ್ಪಲಿ ಕರ‍್ರ ಕರ‍್ರ ಎನ್ನುತ್ತ ಕಟ್ಟೆ ದಾಟಿತು. ಹಿಂದೆ ಅವ್ವ, ಯಲ್ಲಾರಿ, ಟವೆಲ್ಲು ಮುಚ್ಚಿದ ತಂಬಿಗೆ.

ಊರು ದಾಟಿದಮೇಲೆ, ರಸ್ತೆಯಿಂದ ದೂರ ಕರೆಪ್ಪನ ಗುಡಿಸಲು ಇತ್ತು. ಫಕೀರವ್ವ ಹೊಸ್ತಿಲಲ್ಲಿ ಕೂತಿದ್ದಳು. ಇಂದ್ರವ್ವ ಟವೆಲ್ಲು ತೆಗೆದು ತಂಬಿಗೆಯನ್ನು ಅವಳ ಕೈಗೆ ಕೊಟ್ಟಳು. ಅರ್ಧ ಚೆಲ್ಲಿತ್ತು, ಅರ್ಧ ಉಳಿದಿತ್ತು.

ಮುದುಕಿ ಒಂದು ಗುಟುಕು ಕುಡಿದು ತಂಬಿಗೆಯನ್ನೇ ನೋಡಿದಳು. "ಇಷ್ಟ ತಣ್ಣಗೈತಿ, ಎಲ್ಲೀದ ಇದು?" ಎಂದಳು.

ಕರೆಪ್ಪ ತಿರುಗಿ ಗುಡ್ಡದ ಕಡೆ ನೋಡಿದ. ಫಕೀರವ್ವನೂ ಗುಡ್ಡದ ಕಡೆ ನೋಡಿದಳು. ಆಮೇಲೆ ಇಂದ್ರವ್ವನ ಮುಖ ನೋಡಿದಳು, ಅಪ್ಪನ ಟೋಪಿ ನೋಡಿದಳು.

ಅವಳು ಎರಡನೇ ಪ್ರಶ್ನೆ ಕೇಳಲಿಲ್ಲ. ತಂಬಿಗೆ ಎತ್ತಿ, ಉಳಿದದ್ದನ್ನು ಒಂದು ಹನಿಯೂ ಚೆಲ್ಲದಂತೆ ಕುಡಿದಳು. ಇಂದ್ರವ್ವ ಅವಳ ಪಕ್ಕದಲ್ಲಿ, ಅಂಟಿಕೊಂಡೇ, ಹೊಸ್ತಿಲ ಮೇಲೆ ಕೂತಳು.