ಎಡಕ್ಕೆ ವಾಲಿದ ಹೊಲಿಗೆ

"ಈ ಅಂಗಿ ನಿಮ್ಮದಲ್ಲ!"

ಕಾಶಿಯ ಕೈ ಆಗಲೇ ಅವನ ಅಂಗಿಯ ಅಂಚನ್ನು ಬಿಗಿಯಾಗಿ ಹಿಡಿದುಬಿಟ್ಟಿತ್ತು. ಬಂದ ಆಟಗಾರರಿಗೆ ಅವಳು ಹಂಚುತ್ತಿದ್ದ ಬೆಲ್ಲದ ತಟ್ಟೆ ಜಾರಿ ಬಿತ್ತು. ಕಣದ ಸುತ್ತ ನೆರೆದಿದ್ದ ಜನರೆಲ್ಲ ಒಮ್ಮೆಲೇ ಇತ್ತ ತಿರುಗಿದರು.

ಕಾರವಾರ ತಂಡದ ನಾಯಕ ಕೇಶವ ಬಾಯಿಗಿಟ್ಟ ಬೆಲ್ಲದ ಚೂರನ್ನು ನುಂಗಲೂ ಆಗದೆ, ಉಗುಳಲೂ ಆಗದೆ ನಿಂತಿದ್ದ.

"ಹೇಳಿ! ಇದು ನಿಮಗೆ ಎಲ್ಲಿ ಸಿಕ್ತು?"

ಅವನು ಅಂಚನ್ನು ಹಿಡಿದಿದ್ದ ಅವಳ ಕೈಯನ್ನೇ ನೋಡುತ್ತಿದ್ದ. ಎಡಗೈ...

ಅವನ ಮುಖದಲ್ಲಿ ಭಯವಿರಲಿಲ್ಲ. ಏನೋ ಸಿಕ್ಕಿದವನ ಹಾಗೆ ಕಣ್ಣು ಅರಳಿತ್ತು. ಕಾಶಿಗೆ ಅದನ್ನು ಕಂಡು ಇನ್ನಷ್ಟು ಉರಿಯಿತು.

ಅದು 1933ರ ಬೇಸಿಗೆ. ಅಂಕೋಲೆಯ ಆ ಕಣದಲ್ಲಿ ಸುಗ್ಗಿ ಮುಗಿದ ಮೇಲೆ ಭತ್ತ ಬಡಿಯುತ್ತಿರಲಿಲ್ಲ, ಚೆಂಡು ಬಡಿಯುತ್ತಿದ್ದರು. ಧಾರವಾಡದ ಕಾಲೇಜಿಗೆ ಓದಲು ಹೋದ ಹುಡುಗರು ರಜೆಗೆ ಬರುವಾಗ ಒಂದು ಚೆಂಡನ್ನೂ ಒಂದು ಹೊಸ ಆಟವನ್ನೂ ಹೊತ್ತು ತಂದಿದ್ದರು. ಬಾಸ್ಕೆಟ್‌ಬಾಲ್! ಹಿರಿಯರ ನಾಲಿಗೆಗೆ ಅದು ಹೊರಳದೆ 'ಬುಟ್ಟಿಚೆಂಡು' ಆಯಿತು. ಎರಡು ತೆಂಗಿನ ಕಂಬ ನೆಟ್ಟು, ಹಳೆಯ ಪೀಪಾಯಿಯ ಕಬ್ಬಿಣದ ಬಳೆ ಬಡಿದರು. ಹೆಂಗಸರು ಸಗಣಿ ಸಾರಿಸಿ ನೆಲವನ್ನು ಗಟ್ಟಿ ಮಾಡಿಕೊಟ್ಟರು. ಅಂಕೋಲೆಯ ಕಾಲೇಜು ಹುಡುಗರು ಒಂದು ಕಡೆ, ಕಾರವಾರದ ಕಾಲೇಜು ಹುಡುಗರು ಇನ್ನೊಂದು ಕಡೆ. ವರ್ಷಕ್ಕೊಮ್ಮೆ ಪಂದ್ಯ.

ತಮ್ಮ ಊರಿನಲ್ಲಿ ಆಡುವವರಿಗೆ ಬಿಳಿ, ಬಂದವರಿಗೆ ಬಣ್ಣ. ಅಷ್ಟು ನಿಯಮ ಧಾರವಾಡದಿಂದ ಬಂದದ್ದು. ಉಳಿದದ್ದನ್ನು ಅಂಕೋಲೆಯವರೇ ಸೇರಿಸಿಕೊಂಡರು. ಊರಿನ ಬಿಳಿ ಅಂಗಿ ಕೈನೂಲಿನದೇ ಆಗಬೇಕು. ಅದು ಊರಿನ ಗಡಿ ದಾಟಬಾರದು. ಅದರ ಅಂಚನ್ನು ಆಟಗಾರನ ಮನೆಯ ಹೆಣ್ಣೇ ಹೊಲಿಯಬೇಕು, ತಾಯಿ, ಅಕ್ಕತಂಗಿ ಅಥವಾ ಹೆಂಡತಿ. ಬೇರೆ ಯಾರೂ ಸೂಜಿ ಮುಟ್ಟಿಸುವಂತಿಲ್ಲ. ಅಂಚು ಬಿಚ್ಚಿದ ಅಂಗಿ ತೊಟ್ಟವನು, ಊರಿನವನಿರಲಿ ಪರ ಊರಿನವನಿರಲಿ, ಕಣಕ್ಕೆ ಇಳಿಯುವಂತಿಲ್ಲ.

ಕಾರವಾರದವರದೂ ಒಂದು ಪದ್ಧತಿ ಇತ್ತು. ಪರ ಊರಿಗೆ ಹೋಗುವಾಗ ಅವರು ಅಂಗಿಗಳನ್ನು ಮೀನುಗಾರರ ಹಂಡೆಯಲ್ಲಿ, ಬಲೆಗೆ ಹಾಕುವ ಮರದ ತೊಗಟೆಯ ಕಂದು ಬಣ್ಣದಲ್ಲಿ ಅದ್ದಿ ತರುತ್ತಿದ್ದರು. ಆ ಬಣ್ಣ ಒಮ್ಮೆ ಹಿಡಿದರೆ ಬಿಡುವುದಿಲ್ಲ.

ಆದರೆ ಬಣ್ಣ ಹೊಲಿಗೆಯನ್ನು ಮುಚ್ಚುವುದಿಲ್ಲವಲ್ಲ!

ಕಾಶಿ ಎಡಚಿ. ಕೊಡುವುದು, ತೆಗೆದುಕೊಳ್ಳುವುದು, ಉಣ್ಣುವುದು ಎಲ್ಲವನ್ನೂ ಅವ್ವ ಬೈದು ಬೈದು ಬಲಗೈಗೆ ತಂದಿದ್ದಳು. ಸೂಜಿ ಮಾತ್ರ ಬಲಗೈಗೆ ಬಂದಿರಲಿಲ್ಲ. ಎಲ್ಲರ ಹೊಲಿಗೆ ಒಂದು ಕಡೆ ವಾಲಿದರೆ ಅವಳದು ಇನ್ನೊಂದು ಕಡೆ. ಅಂಕೋಲೆಯಲ್ಲಿ ಅಂಥ ಅಂಚು ಹೊಲಿಯುವವಳು ಅವಳೊಬ್ಬಳೇ.

ಅಪ್ಪ ಕರ ನಿರಾಕರಣೆಯಲ್ಲಿ ಸಿಕ್ಕಿಬಿದ್ದ ಚಳಿಗಾಲದಲ್ಲಿ ಅವಳು ಅಳುತ್ತಲೇ ನೂಲು ತೆಗೆದಿದ್ದಳು. ಆ ನೂಲಿನ ಬಟ್ಟೆಯಲ್ಲಿ ಅಣ್ಣ ಸೋಮನಿಗೆ ಬಿಳಿ ಅಂಗಿ ಹೊಲಿದಿದ್ದಳು. ಕಳೆದ ಬೇಸಿಗೆಯಲ್ಲಿ, ಪಂದ್ಯ ಮುಗಿದ ಕೆಲವೇ ದಿನಗಳಲ್ಲಿ ಅದು ಕಳೆದುಹೋಯಿತು. "ಒಣಗಿಸಲು ಹಾಕಿದ್ದೆ, ಯಾರೋ ಒಯ್ದರು," ಎಂದಿದ್ದ ಸೋಮ. ಊರಿನ ಬಿಳಿಯನ್ನು ಕಾಯಲಾಗದವನೆಂದು ಅವನ ನಾಯಕಪಟ್ಟ ಹೋಯಿತು. ಅಂದಿನಿಂದ ಅಣ್ಣ ನಗುವುದನ್ನೇ ಮರೆತಿದ್ದ.

ಈಗ ಅದೇ ಅಂಗಿ ಕಂದು ಬಣ್ಣ ಹೊತ್ತು ಅವಳೆದುರು ನಿಂತಿತ್ತು. ಅದೂ ಯಾರ ಮೈಮೇಲೆ!

ಕಾಶಿಯ ಗುಟ್ಟು ಅವಳಿಗೊಬ್ಬಳಿಗೇ ಗೊತ್ತಿತ್ತು. ಕಳೆದ ವರ್ಷ ಪಂದ್ಯ ಸೋತು ಕಾರವಾರದವರೆಲ್ಲ ಪಾನಕದ ಲೋಟಗಳನ್ನು ಅಲ್ಲಲ್ಲೇ ಎಸೆದು ಹೋದಾಗ, ತನ್ನ ಲೋಟವನ್ನು ತೊಳೆದು ಮಗುಚಿಟ್ಟು ಹೋದವನು ಇವನೊಬ್ಬನೇ. ಕಾರವಾರದ ಬಳಿಯ ಅಮದಳ್ಳಿಯ ಕೇಶವ. ಒಂದು ಮಾತೂ ಆಡಿರಲಿಲ್ಲ. ಆದರೂ ವರ್ಷವಿಡೀ ಆ ಲೋಟವನ್ನು ಅವಳು ಬೇರೆ ಯಾರಿಗೂ ಕೊಟ್ಟಿರಲಿಲ್ಲ.

'ನಾನು ಒಬ್ಬ ಕಳ್ಳನನ್ನು ನೆನೆಸಿಕೊಂಡು ಕೂತಿದ್ದೆನಾ ದೇವರೇ...'

ಸಿಟ್ಟು ತಡೆಯಲಾಗದೆ ಅವಳು ಅಂಚನ್ನು ಜಗ್ಗಿದಳು. ಪರ್ರ್ ಎಂದು ದಾರ ಬಿಚ್ಚಿಕೊಂಡಿತು!

"ಏ ಕಾಶಿ! ಎಂತ ಮಾಡ್ತೆ ನೀನು? ಬಂದ ನೆಂಟರಿಗೆ ಹಿಂಗಾ ಮಾಡೂದು?" ಕಣದ ಹಿರಿಯ ಮಾಸ್ತಿ ಅಜ್ಜ ಕೋಲೂರುತ್ತ ಬಂದ.

"ನೆಂಟರಲ್ಲ ಅಜ್ಜಾ, ಕಳ್ಳರು! ನೋಡು ಈ ಹೊಲಿಗೆ. ಇದು ಅಣ್ಣನ ಅಂಗಿ!"

ಅಜ್ಜ ಬಾಗಿ ನೋಡಿದ. ಅವನ ಮುಖ ಕಪ್ಪಿಟ್ಟಿತು. ಜನರಲ್ಲಿ ಗುಜುಗುಜು ಎದ್ದಿತು. ಯಾರೋ ಹಿಂದಿನಿಂದ "ಕಾರವಾರದೋರು ನಮ್ಮ ಬಿಳಿನ ಬಲೆ ಹಂಡೆಗೆ ಅದ್ದಿದ್ರೋ!" ಎಂದು ಕೂಗಿದ. ನಾಲ್ಕಾರು ಹುಡುಗರು ಮುನ್ನುಗ್ಗಿದರು. ಕಾರವಾರದ ಹುಡುಗರು ನಾಯಕನ ಸುತ್ತ ಬಂದು ನಿಂತರು. ಇನ್ನೇನು ಕೈ ಕೈ ಮಿಲಾಯಿಸುವುದೊಂದು ಬಾಕಿ!

"ತಮಾ," ಅಜ್ಜ ಕೇಶವನನ್ನು ಕೇಳಿದ, "ಇದು ನಿಂಗೆ ಹ್ಯಾಂಗೆ ಬಂತು?"

"ಅದನ್ನ ಹೇಳೂಕಾಗೂದಿಲ್ಲ ಅಜ್ಜಾ."

"ಕದ್ಯಾ?"

"ಇಲ್ಲ."

"ಹಂಗಾರೆ ಬಿಚ್ಚಿ ಕೊಡು. ಈ ಕಣದ್ದು ಈ ಕಣಕ್ಕೆ ಬರ್ಲಿ. ಆಮೇಲೆ ನೀ ಮತ್ತೆ ಇಲ್ಲಿ ಕಾಲಿಡ್ಬೇಡ."

ಕೇಶವನ ಕೈಗಳು ಅಂಗಿಯನ್ನು ಎದೆಗೆ ಒತ್ತಿ ಹಿಡಿದವು. ಮೊದಲ ಸಲ ಅವನ ಕಣ್ಣಿನಲ್ಲಿ ಹೆದರಿಕೆ ಕಂಡಿತು.

"ಕೊಡ್ತೆ ಅಜ್ಜಾ. ಖಂಡಿತ ಕೊಡ್ತೆ. ಆದ್ರೆ ಇಲ್ಲಿ ಬೇಡ... ಇಷ್ಟು ಜನರ ಎದುರು ಬೇಡ."

"ನಾಚಿಕೆಯಾ?" ಕಾಶಿ ಕುಟುಕಿದಳು. "ಕದಿಯೂಕೆ ಇಲ್ಲದ ನಾಚಿಕೆ ಬಿಚ್ಚೂಕೆ ಎಲ್ಲಿಂದ ಬಂತು?"

ಅವನು ಅವಳ ಕಡೆ ನೋಡಿದ. ಬೈಗುಳಕ್ಕೆ ಬೈಗುಳವಿಲ್ಲ, ಕೋಪವಿಲ್ಲ. ತುಸು ನೋವಿತ್ತು, ಅಷ್ಟೇ. ಅವನು ಸರಕ್ಕನೆ ಬೆನ್ನು ತಿರುಗಿಸಿ, ತಮ್ಮವರು ಬಂದಿದ್ದ ಗಾಡಿಯ ಕಡೆ ನಡೆದ.

"ಹಿಡೀರೋ ಅವನ್ನ! ಅಂಗಿ ಬಿಚ್ಚಿಸ್ರೋ!"

ಆಗಲೇ ಕಾಶಿಯ ಕಣ್ಣಿಗೆ ಅದು ಬಿದ್ದದ್ದು.

ಅವನ ಬೆನ್ನಿನ ಮೇಲೆ ಇಳಿಬಿಸಿಲು ಬಿದ್ದಿತ್ತು. ಕಂದು ಬಣ್ಣದೊಳಗೇ ಇನ್ನೂ ಗಾಢವಾದ ಉದ್ದುದ್ದ ಪಟ್ಟೆಗಳು. ಅಡ್ಡಕ್ಕೊಂದು, ಓರೆಗೊಂದು. ಪಟ್ಟೆ ಇದ್ದಲ್ಲೆಲ್ಲ ಬಟ್ಟೆ ಹರಿದಿತ್ತು. ಯಾರೋ ಹೊಲಿಗೆ ಬಾರದವರು ಒರಟಾಗಿ ಜೋಡಿಸಿದ್ದರು.

ಹಂಡೆಗೆ ಅದ್ದಿದ ಬಟ್ಟೆ ಒಂದೇ ಸಮ ಬಣ್ಣ ಹಿಡಿಯುತ್ತದೆ. ಮೊದಲೇ ಕಲೆಯಾಗಿದ್ದರೆ ಮಾತ್ರ ಹೀಗಾಗುತ್ತದೆ. ಅದು ಎಂಥ ಕಲೆ ಎಂದು ಅವಳಿಗೆ ಯಾರೂ ಹೇಳಬೇಕಾಗಿರಲಿಲ್ಲ. ಅಪ್ಪನನ್ನು ಹಿಡಿದೊಯ್ದ ದಿನ ಅವನ ಬೆನ್ನಿನ ಮೇಲೂ ಇದೇ ಪಟ್ಟೆಗಳಿದ್ದವು!

'ಅಯ್ಯೋ... ಇದು ನೆತ್ತರು!'

"ಮುಟ್ಬೇಡಿ!" ಅವಳು ಓಡಿಹೋಗಿ ಹುಡುಗರಿಗೂ ಅವನಿಗೂ ನಡುವೆ ನಿಂತಳು. "ಯಾರೂ ಅವರನ್ನ ಮುಟ್ಬೇಡಿ!"

"ನೀನೇ ಕಳ್ಳ ಅಂದ್ಯಲ್ಲೇ?"

"ಅಂದೆ. ತಪ್ಪಾತು!" ಅವಳು ಬಿಳಿ ಅಂಗಿಗಳ ಸಾಲಿನತ್ತ ತಿರುಗಿದಳು. ಇಷ್ಟು ಹೊತ್ತೂ ಒಬ್ಬನು ಮಾತ್ರ ಬಾಯಿ ಬಿಟ್ಟಿರಲಿಲ್ಲ. ಅವನ ಮುಖ ಅಂಗಿಗಿಂತ ಬೆಳ್ಳಗಾಗಿತ್ತು.

"ಅಣ್ಣಾ... ಅಂಗಿ ನಿಂದು. ನೀ ಎಂತಕ್ಕೆ ಸುಮ್ನಿದ್ದೆ?"

ಸೋಮ ಒಂದು ಹೆಜ್ಜೆ ಮುಂದಿಟ್ಟ.

"ಸೋಮಾ, ಬೇಡ," ಕೇಶವ ದೂರದಿಂದಲೇ ಹೇಳಿದ. "ನಂಗೆ ಏನೂ ಆಗೂದಿಲ್ಲ. ನಾ ಹೋತೆ."

ಆ ಒಂದು ಮಾತು ಸಾಕಾಯಿತು. ಸೋಮ ಕುಸಿದು ಕುಳಿತು, ಸಣ್ಣ ಮಗುವಿನ ಹಾಗೆ ಅತ್ತುಬಿಟ್ಟ.

"ಕದ್ದಿದ್ದಲ್ಲ ಅಜ್ಜಾ... ನಾನೇ ಬಿಚ್ಚಿ ಕೊಟ್ಟದ್ದು! ಕಾರವಾರದ ಕೋರ್ಟಿಗೆ ಅಪ್ಪನ್ನ ತರ್ತಾರೆ ಅಂತ ಗೊತ್ತಾತು. ತಂಗಿ ಹೊಲಿದ ಬಿಳಿ ಅಂಗಿನ ಅಪ್ಪ ಒಂದ್ಸಲ ನೋಡ್ಲಿ ಅಂತ ಕೋಟಿನ ಒಳಗೆ ಹಾಕ್ಕಂಡು ಹೋದೆ. ಗಡಿ ದಾಟ್ಸಿದ್ದು ನಾನೇ. ಅಪ್ಪ ಕಂಡ ಕೂಡ್ಲೇ ಕೋಟು ಬಿಚ್ಚಿ ಒಗ್ದು ಜೈಕಾರ ಹಾಕ್ದೆ. ಪೊಲೀಸ್ರು ಬೆನ್ನು ಹತ್ತಿದ್ರು. ಇವ ನನ್ನ ಒಂದು ಓಣಿಗೆ ಎಳಕಂಡ..."

ಅವನು ಬಿಕ್ಕುತ್ತ ಮುಖ ಒರೆಸಿಕೊಂಡ.

"ಮುಂದೆ?" ಎಂದಳು ಕಾಶಿ.

"'ನಿನ್ನಪ್ಪ ಒಳಗೆ ಹೋದ. ನೀನೂ ಹೋದ್ರೆ ಅವ್ವ-ತಂಗಿಗೆ ಯಾರು' ಅಂತ ಅಂಗಿ ಬದ್ಲಿ ಮಾಡ್ದ. ಬಿಳಿ ಅಂಗಿಯೋನ್ನ ಹುಡುಕ್ತಿದ್ದೋರ ಎದುರಿಗೆ ತಾನೇ ಹೋಗಿ ನಿಂತ. ನಾನು... ನಾನು ಓಡ್ದೆ ತಂಗೀ! ಅವನ ಅಂಗಿ ಹಾಕ್ಕಂಡು ಓಡ್ದೆ. ಹೊಡೆತದ ಸದ್ದು ಕೇಳ್ತಿತ್ತು. ತಿರುಗಿ ನೋಡ್ಲಿಲ್ಲ!"

ಮುನ್ನುಗ್ಗಿದ್ದ ಹುಡುಗರು ಹಿಂದೆ ಸರಿದರು.

ಕಾಶಿ ಅಣ್ಣನ ತಲೆಯ ಮೇಲೆ ಕೈಯಿಟ್ಟಳು. ಅವನು ವರ್ಷವಿಡೀ ನಗದೇ ಇದ್ದದ್ದು ಯಾಕೆಂದು ಈಗ ಅರ್ಥವಾಗಿತ್ತು.

ಮಾಸ್ತಿ ಅಜ್ಜ ಕೇಶವನ ಹತ್ತಿರ ಹೋಗಿ ಅವನ ಹೆಗಲು ಹಿಡಿದ. "ತಮಾ, ಬಾ. ಆಟ ಆಡಿ ಹೋಗು. ನಮ್ಮ ಮಾನ ಉಳ್ಸು."

"ಆಡೂಕಾಗೂದಿಲ್ಲ ಅಜ್ಜಾ." ಕೇಶವ ಮೆಲ್ಲನೆ ನಕ್ಕ. "ಅಂಚು ಬಿಚ್ಚಿದೆ. ನಿಮ್ಮ ಪದ್ಧತಿ ನಂಗೂ ಗೊತ್ತುಂಟು. ನಮ್ಮ ಮನೆ ಹೆಂಗಸ್ರು ಅಮದಳ್ಳಿಲಿ ಇದ್ದಾರೆ. ಹೊಲಿಯೂರು ಯಾರು?"

ಜನ ಮುಖ ಮುಖ ನೋಡಿಕೊಂಡರು.

ಕಾಶಿ ಬಿಚ್ಚಿಹೋದ ಅಂಚನ್ನು ನೋಡಿದಳು. 'ಬಿಚ್ಚಿದವಳು ನಾನು... ಆದರೆ ಹೊಲಿದರೆ ಜನ ಏನನ್ನುತ್ತಾರೆ? ಅವರು ಬೇಡವೆಂದರೆ? ಎಲ್ಲರೆದುರು ಕಳ್ಳ ಅಂದವಳನ್ನು ಯಾರು ತಾನೇ...'

ಇಂದು ಬಿಟ್ಟರೆ ಅವನು ಗಾಡಿ ಹತ್ತುತ್ತಾನೆ. ಮತ್ತೆ ಈ ಊರಿನ ಕಡೆ ತಲೆ ಹಾಕುವುದಿಲ್ಲ.

ಅವಳು ಹೆಂಗಸರ ನಡುವೆ ಕುಳಿತಿದ್ದ ಅವ್ವನ ಬಳಿ ಹೋದಳು. ಅವ್ವನ ಸೆರಗಿಗೆ ಯಾವಾಗಲೂ ಒಂದು ಸೂಜಿ ಚುಚ್ಚಿರುತ್ತಿತ್ತು. ಕಾಶಿ ಕೈಚಾಚಿದಳು. ಅವ್ವ ಮಗಳ ಮುಖ ನೋಡಿದಳು. ಆಮೇಲೆ ಏನೂ ಕೇಳದೆ ಸೂಜಿ ಕಿತ್ತು ಕೊಟ್ಟಳು.

ಕಾಶಿ ದಾರ ಪೋಣಿಸಿಕೊಂಡು ಕೇಶವನೆದುರು ಬಂದು ನಿಂತಳು.

"ಅಂಗಿ ಕೊಡಿ."

"ಕಾಶೀ," ಅಜ್ಜ ತಡೆದ, "ಅಂಚು ಯಾರು ಹೊಲೀಬೇಕು ಅಂತ ನಿಂಗೆ ಗೊತ್ತುಂಟಲ್ದಾ ಮಗಾ?"

"ಗೊತ್ತುಂಟು ಅಜ್ಜಾ."

ಅವಳು ತಲೆ ತಗ್ಗಿಸಲಿಲ್ಲ. ಕಿವಿ ಮಾತ್ರ ಕೆಂಪಾಗಿತ್ತು.

ಕೇಶವ ಈಗ ಹಿಂಜರಿಯಲಿಲ್ಲ. ಅಷ್ಟು ಜನರ ಎದುರಿಗೇ ಅಂಗಿಯನ್ನು ಬಿಚ್ಚಿ ಅವಳ ಕೈಗೆ ಕೊಟ್ಟ. ಬೆನ್ನಿನ ಬಾಸುಂಡೆಯ ಗುರುತುಗಳನ್ನು ಕಂಡು ಹೆಂಗಸರು ಬಾಯಿ ಮುಚ್ಚಿಕೊಂಡರು. ಸೋಮ ಎದ್ದು ಬಂದು, ತನ್ನ ಹೆಗಲ ಪಂಜಿವಸ್ತ್ರವನ್ನು ಗೆಳೆಯನ ಬೆನ್ನಿಗೆ ಹೊದಿಸಿ, ಅವನನ್ನು ಅಪ್ಪಿಕೊಂಡು ನಿಂತ.

ಕಾಶಿ ಕಣದ ಅಂಚಿನಲ್ಲಿ ಕುಳಿತು ಹೊಲಿದಳು. ಕಣ್ಣೀರಿನಲ್ಲಿ ಹೊಲಿಗೆ ಕಾಣುತ್ತಿರಲಿಲ್ಲ. ಆದರೂ ಅದು ತನ್ನ ರೂಢಿಯಂತೆ ಎಡಕ್ಕೇ ವಾಲಿತು. ಕೇಶವ ಎರಡು ಮಾರು ದೂರದಲ್ಲಿ ಬಂದು ಕುಳಿತ.

"ಇವತ್ತೇ ಎಂತಕ್ಕೆ ಇದನ್ನ ತೊಟ್ಟು ಬಂದ್ರಿ?" ಅವಳು ತಲೆ ಎತ್ತದೆ ಕೇಳಿದಳು.

"ಹೊಡೆತ ತಿಂದು ಮಲಗಿದಾಗ ಇದು ತಲೆ ಹತ್ರ ಇತ್ತು. ದಿನಾ ಈ ಅಂಚನ್ನೇ ನೋಡ್ತಿದ್ದೆ. ಎಲ್ಲ ಹೊಲಿಗೆನೂ ಉಲ್ಟಾ! ಇದನ್ನ ಹೊಲಿದ ಕೈನ ಒಮ್ಮೆ ನೋಡ್ಬೇಕು ಅನ್ಸಿತು. ತಂಗಿನೋ ಅವ್ವನೋ ಅಂತ ಸೋಮನ್ನ ಹ್ಯಾಂಗೆ ಕೇಳೂದು? ಬಣ್ಣ ಹಾಕಿ ತೊಟ್ಟು ಬಂದ್ರೆ ಹೊಲಿದೋರೊಬ್ರೇ ಗುರ್ತು ಹಿಡೀತಾರೆ ಅಂದ್ಕಂಡೆ."

"ಅವ್ವ ಆಗಿದ್ರೆ?"

"ಕಾಲಿಗೆ ಬಿದ್ದು ಹೋಗ್ತಿದ್ದೆ!"

ಅಳುವಿನ ನಡುವೆಯೇ ಕಾಶಿಗೆ ನಗು ಬಂದುಬಿಟ್ಟಿತು.

"ನಾ ಕಳ್ಳ ಅಂದೆ... ಬೇಜಾರಿಲ್ವಾ?"

"ಆಗ ನಿಮ್ಮ ಎಡಗೈ ನನ್ನ ಅಂಗಿ ಹಿಡಿದಿತ್ತು. ನಂಗೆ ಬೇರೆ ಏನೂ ಕೇಳ್ಲಿಲ್ಲ."

ಅವಳು ದಾರವನ್ನು ಹಲ್ಲಿನಲ್ಲಿ ಕಡಿದಳು. ಅತ್ತ ಮಾಸ್ತಿ ಅಜ್ಜ ಅವ್ವನ ಜೊತೆ ಮಾತಾಡುತ್ತಿದ್ದ. "ಅವಳಪ್ಪ ಜೈಲಿಂದ ಬರ್ಲಿ. ಅಮದಳ್ಳಿಗೆ ನಾನೇ ಹೋತೆ," ಎನ್ನುತ್ತಿದ್ದದ್ದು ಇಬ್ಬರಿಗೂ ಕೇಳಿಸಿತು. ಇಬ್ಬರೂ ಕೇಳಿಸದವರ ಹಾಗೆ ಕುಳಿತರು.

ಕೇಶವ ಅಂಗಿ ತೊಟ್ಟು ಎದ್ದ. ಕಣದಲ್ಲಿ ಚೆಂಡು ಪುಟಿಯತೊಡಗಿತ್ತು.

"ನಿಲ್ಲಿ! ಬೆಲ್ಲ ತಿನ್ನದೆ ಕಣಕ್ಕೆ ಇಳೀಬಾರ್ದು." ಆಗ ಬಾಯಿಗಿಟ್ಟ ಚೂರು ಯಾವಾಗಲೋ ಕರಗಿಹೋಗಿತ್ತೆಂದು ಅವಳಿಗೂ ಗೊತ್ತಿತ್ತು. ಆದರೂ ಯಾರೋ ಮತ್ತೆ ತುಂಬಿಟ್ಟಿದ್ದ ತಟ್ಟೆಯಿಂದ ಒಂದು ತುಂಡನ್ನು ಆರಿಸಿ ಅವನತ್ತ ಚಾಚಿದಳು. ಚಾಚಿದ ಮೇಲೆ ನೋಡಿಕೊಂಡಳು. ಎಡಗೈ! ನಾಚಿ, ಗಡಿಬಿಡಿಯಿಂದ ಕೈ ಬದಲಿಸಲು ಹೋದಳು.

"ಬೇಡ, ಕಾಶಿ," ಎಂದ ಅವನು, ಅಂಗೈ ಒಡ್ಡುತ್ತ. "ಅದೇ ಕೈಲಿ ಕೊಡಿ."