ಹೇಳದೆ ಹೋದವಳು

ಕ್ಯಾಸೆಟ್ ಪೆಟ್ಟಿಗೆ ಖಾಲಿಯಾಗಿತ್ತು.

ಓದುವ ಕೋಣೆಯಲ್ಲಿ ಪ್ರೊಫೆಸರ್ ಹಾನಾ ರೋಸೆನ್ ಮುಚ್ಚಳ ಹಿಡಿದು ನಿಂತೇ ಇದ್ದರು. ಯುರೋಪಿನಿಂದ ಜೀವ ಉಳಿಸಿಕೊಂಡು ಟೆಕ್ಸಾಸಿಗೆ ಬಂದ ಯಹೂದಿ ಮುದುಕರ ಮಾತುಗಳಿದ್ದ ಕ್ಯಾಸೆಟ್‌ಗಳು ಅವು. ಡಲ್ಲಾಸ್, ಹೂಸ್ಟನ್ ಸುತ್ತಿ ರೆಕಾರ್ಡ್ ಮಾಡಿದ್ದು. ಬೇರೆ ಪ್ರತಿ ಇರಲಿಲ್ಲ. ಯಹೂದಿ ಇತಿಹಾಸ, ಚಿಂತನೆ ಎಂದು ಜೀವಮಾನವನ್ನೇ ತೇಯ್ದ ಹಾನಾ ಅವರ ಕೊನೆಯ ಪುಸ್ತಕ ಇವುಗಳ ಮೇಲೇ ನಿಂತಿತ್ತು.

ಹಾಲ್‌ನಲ್ಲಿ ಅವರ ವಿದ್ಯಾರ್ಥಿನಿ, ಸಹಾಯಕಿ ಉಷಾರಾಣಿ ಬಿಳಿ ಬೆಡ್‌ಶೀಟ್ ಮಡಚುತ್ತಿದ್ದಳು. ಹಾನಾ ಅವರ ತಮ್ಮ ತೀರಿಕೊಂಡಿದ್ದರು. ಏಳು ದಿನದ ಸೂತಕ ಆ ಬೆಳಿಗ್ಗೆಯಷ್ಟೇ ಮುಗಿದಿತ್ತು. ಆಸ್ಟಿನ್‌ನ ಆ ಮನೆಯ ಮುಂಬಾಗಿಲಿಗೂ ಹಿತ್ತಲ ಬಾಗಿಲಿಗೂ ವಾರವಿಡೀ ಚಿಲಕ ಹಾಕಿರಲಿಲ್ಲ. ಮಾತಾಡಿಸಲು ಬರುವವರು ಬೆಲ್ ಒತ್ತದೆ ಒಳಬರುವುದು ಯಹೂದಿಗಳ ಪದ್ಧತಿ.

"ಸೋಮವಾರ ಮಾತಾಡಿಸೋಕೆ ಬಂದಿದ್ರಲ್ಲ, ಡಲ್ಲಾಸಿನ ವಿದ್ವಾಂಸರು, ಕ್ಯಾಸೆಟ್ ವಿಚಾರವೇ ಕೇಳ್ತಿದ್ರು ಮೇಡಂ," ಎಂದಳು ಉಷಾರಾಣಿ.

"ಮಂಗಳವಾರ ಪೆಟ್ಟಿಗೆ ತುಂಬಿತ್ತು. ಅದರಲ್ಲಿದ್ದ ತಮ್ಮನ ದನಿ ಕೇಳಿ ನಾನೇ ಮುಚ್ಚಿಟ್ಟೆ." ಹಾನಾ ಅವಳನ್ನು ದಿಟ್ಟಿಸಿದರು. "ಬುಧವಾರ ನೀನು ನನಗೆ ಹೇಳದೆ ಹೋದೆ. ಕೈಯಲ್ಲಿ ದೊಡ್ಡ ಚೀಲ."

"ಊಟ ತಂದಿದ್ದ ಪಾತ್ರೆ ಮೇಡಂ!"

ಬುಧವಾರ ಯಾರ್ಯಾರು ಬಂದಿದ್ದರೆಂದು ಕೇಳಲು ಹಾನಾ ಫೋನ್ ಎತ್ತಿಕೊಂಡರು. ಉಷಾರಾಣಿ ಮನಸ್ಸಿನಲ್ಲೇ ಲೆಕ್ಕ ಹಾಕಿದಳು. ಈ ಕೆಲಸ ಹೋದರೆ ಫೀಸಿಲ್ಲ. ಫೀಸಿಲ್ಲದಿದ್ದರೆ ವೀಸಾ ಇಲ್ಲ. ಧಾರವಾಡಕ್ಕೆ ಗಂಟುಮೂಟೆ. ಆಮೇಲೆ ಕೆಲಸ ಸಿಗುವುದು ಸಾಲಿನಲ್ಲಿ ಕಾಯುತ್ತಿದ್ದ ಕೌಸ್ತುಭ್‌ಗೆ.

*

ಫೋನ್ ಬಂದೊಡನೆ ಕೌಸ್ತುಭ್ ಪಕ್ಕದ ಊರು ರೌಂಡ್ ರಾಕ್‌ನಿಂದ ಡ್ರೈವ್ ಮಾಡಿಕೊಂಡು ಬಂದ. ಮೈಸೂರಿನ ಹುಡುಗ. ಹಾನಾ ಅವರದೇ ವಿಭಾಗದ ವಿದ್ಯಾರ್ಥಿ.

"ಬುಧವಾರ ಬಂದಿದ್ದೆಯಾ?" ಹಾನಾ ಕೇಳಿದರು.

"ಬಂದಿದ್ದೆ ಮೇಡಂ. ಇಲ್ಲೇ ಹಾಲ್‌ನಲ್ಲಿ ಕೂತಿದ್ದೆ." ಎದುರಿನ ದೊಡ್ಡ ಕನ್ನಡಿ ತೋರಿಸಿದ. ಓದುವ ಕೋಣೆ ಅದರಲ್ಲಿ ಪೂರ್ತಿ ಕಾಣುತ್ತಿತ್ತು. "ಇದರಲ್ಲೇ ನೋಡಿದೆ. ಉಷಾ ಕ್ಯಾಸೆಟ್‌ಗಳನ್ನ ಚೀಲಕ್ಕೆ ತುಂಬ್ತಿದ್ಳು. ಹೇಳದೆ ಹೋದಾಗಲೇ ಅನುಮಾನ ಬಂತು."

ಉಷಾರಾಣಿ ಇಂಗ್ಲಿಷ್ ಬಿಟ್ಟು ಕನ್ನಡಕ್ಕೆ ಇಳಿದಳು. "ಲೇ, ಸತ್ತವರ ಮನ್ಯಾಗ ಹೋಗಿ ಬರ್ತೀನಿ ಅಂತ ಹೇಳ್ತಾರೇನೋ?"

"ಅದೆಲ್ಲ ಊರಲ್ಲಿ ಕಣೇ. ಇಲ್ಲಿ ಯಾರು ನೋಡ್ತಾರೆ?"

"ಅಂದ್ರ ನಾ ಯಾಕ ಹೇಳದ ಹೋದೆ ಅಂತ ನಿನಗ ಗೊತ್ತಿತ್ತು. ಗೊತ್ತಿದ್ದೂ ಬಾಯಿ ಬಿಡಲಿಲ್ಲ."

ಕೌಸ್ತುಭ್ ಮುಖ ತಿರುಗಿಸಿದ. ಉಷಾರಾಣಿ ಮಡಚಿದ್ದ ಬೆಡ್‌ಶೀಟ್ ಬಿಡಿಸಿ ಕನ್ನಡಿಗೆ ಹಿಡಿದಳು. ಅಂಚಿನಲ್ಲಿ ಅವಳೇ ಚುಚ್ಚಿದ್ದ ಪಿನ್ನುಗಳು ಇನ್ನೂ ಇದ್ದವು.

"ಮೇಡಂ, ಸಾವಿನ ಮನೆಯಲ್ಲಿ ಕನ್ನಡಿ ಮುಚ್ಚಬೇಕು ಅಂತ ಮೊದಲ ದಿನವೇ ನನ್ನ ಕೈಯಲ್ಲಿ ಹೊದಿಸಿದ್ರಿ. ತೆಗೆದದ್ದು ಇವತ್ತು ಬೆಳಿಗ್ಗೆ. ಬುಧವಾರ ಇಲ್ಲಿ ಕೂತವನಿಗೆ ಕಾಣಬೇಕಾದದ್ದು ಬಿಳಿ ಬಟ್ಟೆ. ಇವನು ಹಾಲ್‌ಗೆ ಬಂದೇ ಇಲ್ಲ. ಹಿತ್ತಲ ಬಾಗಿಲಿಂದ ನೇರ ಓದುವ ಕೋಣೆಗೆ ಹೋಗಿದ್ದಾನೆ."

ಕೌಸ್ತುಭ್ ಒಂದು ಹೆಜ್ಜೆ ಹಿಂದೆ ಸರಿದ.

"ಇದೇ ಸಮಾಜದ ಇತಿಹಾಸ ಓದ್ತೀಯಲ್ಲ, ಕನ್ನಡಿ ಮುಚ್ಚೋದು ನೆನಪಾಗಲಿಲ್ಲವಾ?" ಎಂದರು ಹಾನಾ. ಕೈ ಚಾಚಿದರು. "ಕಾರಿನ ಕೀ ಕೊಡು."

ಡಿಕ್ಕಿಯಲ್ಲಿ, ಟವೆಲ್ ಕೆಳಗೆ, ಎಲ್ಲ ಕ್ಯಾಸೆಟ್‌ಗಳೂ ಇದ್ದವು. ಅವುಗಳನ್ನು ಮಾರುವ ಉದ್ದೇಶ ಅವನಿಗಿರಲಿಲ್ಲ. ಉಷಾರಾಣಿ ಊರಿಗೆ ಹೋಗುವ ತನಕ ಬಚ್ಚಿಟ್ಟಿದ್ದರೆ ಸಾಕಿತ್ತು.

"ನಾಳೆ ವಿಭಾಗದಲ್ಲಿ ಮಾತಾಡೋಣ," ಎಂದರು ಹಾನಾ. ಅವನು ಯಾರಿಗೂ ಹೇಳದೆ ಹೋದ.

ಉಷಾರಾಣಿ ಕ್ಯಾಸೆಟ್‌ಗಳನ್ನು ಒಂದೊಂದಾಗಿ ಪೆಟ್ಟಿಗೆಗೆ ಜೋಡಿಸಿದಳು. ಹಾನಾ ತಮ್ಮನದನ್ನು ಮಾತ್ರ ಕೈಯಲ್ಲೇ ಇಟ್ಟುಕೊಂಡರು. ಬಾಗಿಲ ಹತ್ತಿರ ಅವಳು ನಿಂತಳು. ಸೂತಕ ಕಳೆದಿತ್ತು.

"ಹೋಗಿ ಬರ್ತೀನಿ ಮೇಡಂ."